ಟೈಟಲ್ ಬಾರ್ ನಿಮ್ಮದಾಗಲಿ, ಬಟನ್‌ಗಳು ವಿಂಡೋಸ್‌ನವೇ ಇರಲಿ

ವೆಬ್ ಪುಟದ ಕೋಡ್‌ನಿಂದಲೇ ಡೆಸ್ಕ್‌ಟಾಪ್ ಆ್ಯಪ್ ಮಾಡಲು ಬಳಸುವ ಎಲೆಕ್ಟ್ರಾನ್‌ನಲ್ಲಿ ಆ್ಯಪ್ ಕಟ್ಟುವವರ ಕಣ್ಣಿಗೆ ಮೊದಲು ರಾಚುವುದು ಟೈಟಲ್ ಬಾರ್, ಅಂದರೆ ವಿಂಡೋದ ಮೇಲಂಚಿನ ಪಟ್ಟಿ. ಒಳಗೆಲ್ಲ ನೀವೇ ಆರಿಸಿದ ಕಡುಬಣ್ಣ, ಮೇಲೆ ಮಾತ್ರ ವಿಂಡೋಸ್ ಕೊಟ್ಟ ಬಿಳಿ ಪಟ್ಟಿ. ಅದನ್ನು ತೆಗೆಯಲು ಹಲವರು ‘ಫ್ರೇಮ್: ಫಾಲ್ಸ್’ ಎಂದು ಬರೆದುಬಿಡುತ್ತಾರೆ. ದಯವಿಟ್ಟು ಬೇಡ. ಪಟ್ಟಿಯ ಜೊತೆಗೆ ಮಿನಿಮೈಸ್, ಮ್ಯಾಕ್ಸಿಮೈಸ್, ಕ್ಲೋಸ್ ಬಟನ್‌ಗಳೂ ಹೋಗುತ್ತವೆ. ಅವುಗಳ ಜಾಗದಲ್ಲಿ ನೀವು ಎಚ್‌ಟಿಎಂಎಲ್‌ನಲ್ಲಿ ಮಾಡಿಟ್ಟ ಮ್ಯಾಕ್ಸಿಮೈಸ್ ಬಟನ್ ಮೇಲೆ ಮೌಸ್ ಇಟ್ಟರೆ ವಿಂಡೋಸ್ 11ರ ಸ್ನ್ಯಾಪ್ ಲೇಔಟ್ (ವಿಂಡೋಗಳನ್ನು ಪರದೆಯ ಮೇಲೆ ಜೋಡಿಸುವ ಆಯ್ಕೆಗಳು) ತೆರೆದುಕೊಳ್ಳುವುದಿಲ್ಲ. ಎರಡು ವಿಂಡೋ ಅಕ್ಕಪಕ್ಕ ಇಟ್ಟುಕೊಂಡು ಕೆಲಸ ಮಾಡುವವರಿಗೆ ಇದು ಸಣ್ಣ ತೊಂದರೆಯಲ್ಲ.

ಬದಲಿಗೆ, ಬ್ರೌಸರ್‌ವಿಂಡೋ (ಎಲೆಕ್ಟ್ರಾನ್‌ನಲ್ಲಿ ಆ್ಯಪ್‌ನ ವಿಂಡೋ) ತೆರೆಯುವ ಕೋಡ್‌ನಲ್ಲಿ ‘ಟೈಟಲ್‌ಬಾರ್‌ಸ್ಟೈಲ್’ಗೆ ‘ಹಿಡನ್’ ಎಂದು ಕೊಡಿ. ಅಲ್ಲಿಯೇ ‘ಟೈಟಲ್‌ಬಾರ್‌ಓವರ್‌ಲೇ’ ಸೇರಿಸಿ: ಹಿನ್ನೆಲೆಗೆ ‘ಕಲರ್’, ಬಟನ್‌ಗಳ ಗುರುತಿಗೆ ‘ಸಿಂಬಲ್‌ಕಲರ್’, ಎತ್ತರಕ್ಕೆ ‘ಹೈಟ್’. ಈಗ ಪಟ್ಟಿ ಮಾಯ, ಬಟನ್‌ಗಳು ಮಾತ್ರ ನಿಮ್ಮ ಬಣ್ಣ ತೊಟ್ಟು ಬಲಮೂಲೆಯಲ್ಲಿ ಉಳಿಯುತ್ತವೆ.

ಮುಂದೆ ಎಚ್‌ಟಿಎಂಎಲ್‌ನಲ್ಲಿ ಅಷ್ಟೇ ಎತ್ತರದ ಒಂದು ಡಿವ್ ಇಟ್ಟು, ಅದರ ಸಿಎಸ್‌ಎಸ್‌ನಲ್ಲಿ ‘-ವೆಬ್‌ಕಿಟ್-ಆ್ಯಪ್-ರೀಜನ್: ಡ್ರ್ಯಾಗ್’ ಬರೆಯಿರಿ. ಅಲ್ಲಿ ಹಿಡಿದು ಎಳೆದರೆ ವಿಂಡೋ ಸರಿಯುತ್ತದೆ, ಡಬಲ್ ಕ್ಲಿಕ್ ಮಾಡಿದರೆ ಪರದೆ ತುಂಬುತ್ತದೆ.

ಹೆಚ್ಚಿನವರು ಎಡವುವುದು ಇದರ ನಂತರ. ಡ್ರ್ಯಾಗ್ ಎಂದು ಗುರುತಿಸಿದ ಜಾಗದಲ್ಲಿ ಮೌಸ್ ಕ್ಲಿಕ್ ನಿಮ್ಮ ಪುಟಕ್ಕೆ ತಲುಪುವುದೇ ಇಲ್ಲ. ಹುಡುಕುವ ಪೆಟ್ಟಿಗೆ ಕಣ್ಣೆದುರಿಗಿದ್ದರೂ ಕ್ಲಿಕ್ ಮಾಡಿದರೆ ಕರ್ಸರ್ ಮಿನುಗದು. ಕನ್ಸೋಲ್‌ನಲ್ಲಿ ಎರರ್ ಕೂಡ ಕಾಣದು. ಅಂಥ ಪ್ರತಿಯೊಂದು ಬಟನ್, ಪೆಟ್ಟಿಗೆ, ಟ್ಯಾಬ್‌ಗೂ ‘ನೋ-ಡ್ರ್ಯಾಗ್’ ಹಾಕಿ. ಹಾಗೆಂದು ಪಟ್ಟಿಯ ತುಂಬ ಟ್ಯಾಬ್‌ಗಳನ್ನೇ ತುರುಕಬೇಡಿ, ವಿಂಡೋ ಎಳೆಯಲು ಕೈಗೆ ಸಿಗುವಷ್ಟು ಖಾಲಿ ಜಾಗ ಬೇಕೇ ಬೇಕು.

ಬಲಗಡೆಯ ಬಟನ್‌ಗಳಿಗೆ ಇಷ್ಟೇ ಪಿಕ್ಸೆಲ್ ಎಂದು ಅಂದಾಜಿನ ಅಂಕಿ ಬರೆಯಬೇಡಿ. ‘ಟೈಟಲ್‌ಬಾರ್-ಏರಿಯಾ-ಎಕ್ಸ್’ ಮತ್ತು ‘ಟೈಟಲ್‌ಬಾರ್-ಏರಿಯಾ-ವಿಡ್ತ್’ ಎಂಬ, ಸಿಎಸ್‌ಎಸ್‌ನಲ್ಲಿ ‘ಎನ್ವ್()’ ಮೂಲಕ ಓದುವ ಮೌಲ್ಯಗಳು ಉಳಿದ ಜಾಗ ಎಲ್ಲಿಂದ ಶುರು, ಎಷ್ಟು ಅಗಲ ಎಂದು ಹೇಳುತ್ತವೆ. ಮ್ಯಾಕ್‌ನಲ್ಲಿ ಬಟನ್‌ಗಳು ಎಡಕ್ಕಿರುವುದರಿಂದ ಅಲ್ಲಿಗೂ ಇದೇ ದಾರಿ ಸರಿ. ಓವರ್‌ಲೇ ಬಣ್ಣಗಳು ಮಾತ್ರ ಮ್ಯಾಕ್‌ಗೆ ಅನ್ವಯಿಸವು.

ಡಾರ್ಕ್ ಮೋಡ್ ಇದ್ದರೆ, ಥೀಮ್ ಬದಲಾದಾಗಲೆಲ್ಲ ‘ಸೆಟ್‌ಟೈಟಲ್‌ಬಾರ್‌ಓವರ್‌ಲೇ’ ಕರೆದು ಹೊಸ ಬಣ್ಣ ಕೊಡಿ. ಇಲ್ಲದಿದ್ದರೆ ಕಪ್ಪು ಹಿನ್ನೆಲೆಯ ಮೂಲೆಯಲ್ಲಿ ಹಳೆಯ ಬಿಳಿ ಚೌಕ ಹಾಗೇ ನಿಂತಿರುತ್ತದೆ.