ಒಟಿಪಿ ಇಲ್ಲದೆ ಹೋದ ಹಣ ವಾಪಸ್ ಬಂದದ್ದು ಹೀಗೆ

ಪಾಸ್‌ಬುಕ್ಕಿನಲ್ಲಿ ‘ಎಇಪಿಎಸ್’ ಎಂದಿದ್ದರೆ ಅದು ಆಧಾರ್ ಸಂಖ್ಯೆ, ಹೆಬ್ಬೆಟ್ಟಿನ ಮೂಲಕ ನಡೆದ ವಹಿವಾಟು. ಸೋರಿಹೋದ ಆಧಾರ್ ಸಂಖ್ಯೆ, ಹೆಬ್ಬೆಟ್ಟಿನ ನಕಲು ಸಿಕ್ಕರೆ ಕಳ್ಳರಿಗೆ ಒಟಿಪಿಯೇ ಬೇಡ. ಮೊದಲು ಸೈಬರ್ ವಂಚನೆ ಸಹಾಯವಾಣಿ 1930ಕ್ಕೆ ಕರೆ, ಎಂಆಧಾರ್ ಆ್ಯಪ್‌ನಲ್ಲಿ ಬಯೋಮೆಟ್ರಿಕ್ (ಬೆರಳಚ್ಚಿನ) ಲಾಕ್ (ನ್ಯಾಯಬೆಲೆ ಅಂಗಡಿಗೆ ಹೋಗುವ ಮುನ್ನ ತೆರೆಯಬೇಕು). ಅದೇ ದಿನ ಹಾಸನದ ನಮ್ಮ ಬ್ಯಾಂಕ್ ಶಾಖೆಗೆ ಲಿಖಿತ ದೂರು. ಸ್ವೀಕೃತಿ ಮುದ್ರೆ ಹಾಕಿಸದೆ ಬರಬೇಡಿ, ದಿನಗಳ ಲೆಕ್ಕಕ್ಕೆ ಅದೇ ಸಾಕ್ಷಿ.

ಕೆಲಸ ಮಾಡಿದ್ದು ದೂರಿನಲ್ಲಿ ಬರೆದ ರಿಸರ್ವ್ ಬ್ಯಾಂಕಿನ 2017ರ ಜುಲೈ 6ರ ಸುತ್ತೋಲೆ. ತಪ್ಪು ಗ್ರಾಹಕರದ್ದೂ ಅಲ್ಲ, ಬ್ಯಾಂಕಿನದ್ದೂ ಅಲ್ಲ ಎಂದಾಗ, ಬ್ಯಾಂಕಿನ ಸಂದೇಶ ಬಂದ 3 ಕೆಲಸದ ದಿನಗಳೊಳಗೆ ತಿಳಿಸಿದರೆ ಗ್ರಾಹಕರ ಹೊಣೆ ಸೊನ್ನೆ. 10 ಕೆಲಸದ ದಿನಗಳಲ್ಲಿ ತಾತ್ಕಾಲಿಕ ಜಮೆ ಆಗಬೇಕು. ತಿಳಿಸಲು 4ರಿಂದ 7 ಕೆಲಸದ ದಿನವಾದರೆ ಸಾಮಾನ್ಯ ಉಳಿತಾಯ ಖಾತೆಯಲ್ಲಿ ₹10,000ವರೆಗಿನ ನಷ್ಟ ನಮ್ಮದೇ. 30 ದಿನ ಬ್ಯಾಂಕಿನಿಂದ ಉತ್ತರವಿಲ್ಲದಿದ್ದರೆ ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್‌ಗೆ (ಗ್ರಾಹಕರ ದೂರು ಆಲಿಸುವ ಅಧಿಕಾರಿ) ದೂರು, ಶುಲ್ಕವಿಲ್ಲ.