ಕಂಟ್ರೋಲ್ ರೂಮಿನ ಗದ್ದಲ ಇಳಿಸಿದ ಬಗೆ

ಕೃಷ್ಣಾ ತೀರದ ಸಕ್ಕರೆ ಕಾರ್ಖಾನೆಯೊಂದರ ಕೋಜನ್ (ಉಗಿ, ವಿದ್ಯುತ್ ಎರಡನ್ನೂ ಉತ್ಪಾದಿಸುವ) ಘಟಕದಲ್ಲಿ ನಾನು ಇನ್‌ಸ್ಟ್ರುಮೆಂಟೇಶನ್ ವಿಭಾಗ ನೋಡಿಕೊಳ್ಳುತ್ತಿದ್ದಾಗ, ನುರಿಸುವ ಹಂಗಾಮಿನ ನಟ್ಟನಡುವೆ ಒಂದು ರಾತ್ರಿ ಬಾಯ್ಲರಿನ ಹೊಗೆಯನ್ನು ಹೊರಗೆಳೆಯುವ ಐಡಿ ಫ್ಯಾನಿನ ಬೇರಿಂಗ್ ಕಾದು, ಫ್ಯಾನ್ ಟ್ರಿಪ್ ಆಗಿ (ತಾನಾಗಿ ನಿಂತು), ಅದರ ಬೆನ್ನಿಗೇ ಬಾಯ್ಲರ್ ನಿಂತಿತು. ಬೆಳಿಗ್ಗೆ ಡಿಸಿಎಸ್‌ನ (ಘಟಕವನ್ನು ನಡೆಸುವ ಕಂಪ್ಯೂಟರ್ ನಿಯಂತ್ರಣ ವ್ಯವಸ್ಥೆಯ) ಅಲಾರಂ ದಾಖಲೆ ತೆಗೆದು ನೋಡಿದರೆ, ಬೇರಿಂಗ್ ತಾಪಮಾನದ ಮೊದಲ ಎಚ್ಚರಿಕೆ ಟ್ರಿಪ್‌ಗಿಂತ 20 ನಿಮಿಷ ಮುಂಚೆಯೇ ಬಂದಿತ್ತು. ಆಪರೇಟರ್ ಅದನ್ನು ಅಕ್ನಾಲೆಜ್ ಕೂಡ ಮಾಡಿದ್ದರು, ಅಂದರೆ ನೋಡಿದೆ ಎಂದು ಗುಂಡಿ ಒತ್ತಿದ್ದರು. ಕೇಳಿದಾಗ ಅವರು ಮುಚ್ಚುಮರೆ ಇಲ್ಲದೆ, “ರಾತ್ರಿಯೆಲ್ಲಾ ಹೊಡ್ಕೋತನ ಇರತೈತ್ರಿ ಸರ್, ಯಾವುದಂತ ನೋಡೂದು?” ಎಂದರು. ಡಿಏರೇಟರ್ (ಬಾಯ್ಲರಿಗೆ ಹೋಗುವ ನೀರಿನಿಂದ ಗಾಳಿ ತೆಗೆಯುವ ತೊಟ್ಟಿ) ಮಟ್ಟದ ಅಲಾರಂ ಒಂದೇ ಆ ಪಾಳಿಯಲ್ಲಿ 300ಕ್ಕೂ ಹೆಚ್ಚು ಸಲ ಬಂದಿತ್ತು. ಅವರನ್ನು ಬಯ್ಯಲು ನನಗೆ ಬಾಯಿ ಬರಲಿಲ್ಲ. ಕಮಿಷನಿಂಗ್ ಹೊತ್ತಿನಲ್ಲಿ ಆ ಅಲಾರಂ ಪಟ್ಟಿಗೆ ಸಹಿ ಹಾಕಿದವನು ನಾನೇ.

ಹಳೆಯ ಪ್ಯಾನೆಲ್‌ಗಳ ಕಾಲದಲ್ಲಿ ಒಂದು ಅಲಾರಂ ಬೇಕೆಂದರೆ ಅನನ್ಸಿಯೇಟರಿನಲ್ಲಿ (ಅಲಾರಂ ದೀಪಗಳ ಫಲಕದಲ್ಲಿ) ಒಂದು ಕಿಟಕಿ, ಒಂದು ದೀಪ, ಫೀಲ್ಡಿನಿಂದ ಒಂದು ಜೊತೆ ತಂತಿ ಬೇಕಿತ್ತು. ಹಾಗಾಗಿ ಬೇಕೋ ಬೇಡವೋ ಎಂದು ಯಾರಾದರೂ ಯೋಚಿಸುತ್ತಿದ್ದರು. 1975ರಲ್ಲಿ ಹನಿವೆಲ್‌ನ ಟಿಡಿಸಿ 2000 ಮತ್ತು ಯೊಕೊಗಾವಾದ ಸೆಂಟಮ್‌ನೊಂದಿಗೆ ಶುರುವಾದ ಡಿಸಿಎಸ್ ಯುಗದಲ್ಲಿ ಆ ಖರ್ಚು ಕ್ರಮೇಣ ಇಲ್ಲವಾಯಿತು. ನಮ್ಮಲ್ಲಿ ಪ್ರತಿ ಪಿಐಡಿ ಬ್ಲಾಕಿಗೂ (ಒಂದೊಂದು ವಾಲ್ವ್ ಇತ್ಯಾದಿಯನ್ನು ನಿಯಂತ್ರಿಸುವ ಸಾಫ್ಟ್‌ವೇರ್ ತುಣುಕಿಗೂ) ಹೈ, ಹೈ-ಹೈ, ಲೋ, ಲೋ-ಲೋ, ಡೀವಿಯೇಷನ್ ಎಲ್ಲವೂ ಜೊತೆಗೇ ಬಂದಿದ್ದವು, ಮತ್ತು ಒಂದು ಬ್ಲಾಕನ್ನು ನಕಲು ಮಾಡಿ ಇನ್ನೊಂದನ್ನು ಕಟ್ಟುವಾಗ ಮಿತಿಗಳೂ ಹಾಗೆಯೇ ನಕಲಾಗಿದ್ದವು. ಈ ಪಟ್ಟಿಯನ್ನು ಸರಿಪಡಿಸಲು ಮ್ಯಾನೇಜರರಲ್ಲಿ ಸಮಯ ಕೇಳಲು ಹೋದಾಗ ನಾನು 1994ರ ಜುಲೈ 24ರಂದು ವೇಲ್ಸ್‌ನ ಮಿಲ್‌ಫರ್ಡ್ ಹೇವನ್ ತೈಲ ಸಂಸ್ಕರಣಾಗಾರದಲ್ಲಿ ನಡೆದ ಸ್ಫೋಟದ ತನಿಖೆಯನ್ನು ಮುಂದಿಟ್ಟೆ: ಸ್ಫೋಟಕ್ಕೆ ಮುಂಚಿನ ಕೊನೆಯ 11 ನಿಮಿಷಗಳಲ್ಲಿ ಇಬ್ಬರು ಆಪರೇಟರುಗಳ ಎದುರು 275 ಅಲಾರಂಗಳು ಬಂದಿದ್ದವು. ಅನುಮತಿ ಸಿಕ್ಕಿತು.

ದಾಖಲೆಯನ್ನು ಟ್ಯಾಗ್ (ಪ್ರತಿ ಅಳತೆಗೂ ಕೊಟ್ಟ ಗುರುತಿನ ಹೆಸರು) ಪ್ರಕಾರ ವಿಂಗಡಿಸಿದಾಗ ಹತ್ತೇ ಟ್ಯಾಗುಗಳು ಅರ್ಧಕ್ಕಿಂತ ಹೆಚ್ಚು ಗದ್ದಲ ಎಬ್ಬಿಸುತ್ತಿದ್ದವು. ಡಿಏರೇಟರಿನ ಹೈ ಮಿತಿ 65%. ಟ್ರೆಂಡಿನಲ್ಲಿ ಮಟ್ಟ 64.7 ಮತ್ತು 65.3ರ ನಡುವೆ ತುಳುಕುತ್ತಿತ್ತು, ಡೆಡ್‌ಬ್ಯಾಂಡ್ (ಅಲಾರಂ ಇಳಿಯಬೇಕಾದರೆ ಮೌಲ್ಯ ಮಿತಿಯಿಂದ ಹಿಂದಕ್ಕೆ ಸರಿಯಬೇಕಾದ ಅಂತರ) ಸೊನ್ನೆ. ಇಲ್ಲಿ ನಾನೊಂದು ತಪ್ಪು ಮಾಡಿದೆ. ತುಳುಕಾಟವನ್ನೇ ಅಳಿಸಿಬಿಡೋಣವೆಂದು ಇನ್‌ಪುಟ್ಟಿಗೆ 20 ಸೆಕೆಂಡಿನ ಫಿಲ್ಟರ್ ಹಾಕಿದೆ. ಅಲಾರಂ ಸುಮ್ಮನಾಯಿತು, ಆದರೆ ಅದೇ ಸಿಗ್ನಲನ್ನು ನೋಡಿ ವಾಲ್ವ್ ನಡೆಸುವ ಕಂಟ್ರೋಲರಿಗೂ ಸುದ್ದಿ ತಡವಾಗಿ ಮುಟ್ಟತೊಡಗಿ, ಸಂಜೆಯ ಹೊತ್ತಿಗೆ ಮಟ್ಟ ತೊಟ್ಟಿಲಿನಂತೆ ತೂಗುತ್ತಿತ್ತು. ಫಿಲ್ಟರ್ ತೆಗೆದು, ಅಲಾರಂಗೆ ಮಾತ್ರ 5% ಡೆಡ್‌ಬ್ಯಾಂಡ್ ಕೊಟ್ಟೆ. ಮಟ್ಟಕ್ಕೆ 5%, ಒತ್ತಡಕ್ಕೆ 2%, ತಾಪಮಾನಕ್ಕೆ 1% ಎಂಬುದು ಅಲಾರಂ ನಿರ್ವಹಣೆಯ ಐಎಸ್‌ಎ 18.2 ಮಾನದಂಡ ಸೂಚಿಸುವ ಆರಂಭಿಕ ಲೆಕ್ಕ; ನಮ್ಮ ಬಹುತೇಕ ಟ್ಯಾಗುಗಳಿಗೆ ಅದೇ ಸಾಕಾಯಿತು.

ಎರಡು ವಾರದ ನಂತರ ಹಳೆಯ ಗದ್ದಲ ಮರಳಿತು. ನಾವು ಆಪರೇಟರ್ ಸ್ಟೇಷನ್ನಿನ ಟ್ಯೂನಿಂಗ್ ಪರದೆಯಲ್ಲಿ ಬದಲಿಸಿದ್ದ ಮೌಲ್ಯಗಳು ಕಂಟ್ರೋಲರಿನಲ್ಲಿ ಮಾತ್ರ ಇದ್ದವು, ಎಂಜಿನಿಯರಿಂಗ್ ಡೇಟಾಬೇಸಿಗೆ ಅವನ್ನು ಸೇವ್ ಮಾಡಿರಲಿಲ್ಲ. ಬೇರೊಂದು ಲಾಜಿಕ್ ತಿದ್ದಿ ಡೌನ್‌ಲೋಡ್ ಮಾಡಿದಾಗ ಹಳೆಯ ಮೌಲ್ಯಗಳು ಅವುಗಳ ಮೇಲೆ ಬಂದು ಕೂತಿದ್ದವು. ಅಂದಿನಿಂದ ಬದಲಾವಣೆಯ ರಿಜಿಸ್ಟರಿನಲ್ಲಿ ‘ಸೇವ್ ಆಯಿತೇ’ ಎಂಬ ಕಾಲಂ ಒಂದಿದೆ.

ಆಫ್ ಸೀಸನ್ನಿನಲ್ಲಿ ಆಪರೇಟರುಗಳೊಂದಿಗೆ ಕುಳಿತು ಉಳಿದ ಪಟ್ಟಿಯನ್ನು ಸಾಲುಸಾಲಾಗಿ ನೋಡಿದೆವು. ಅಲಾರಂ ಬಂದರೆ ನೀವು ಏನು ಮಾಡುತ್ತೀರಿ, ಮಾಡದಿದ್ದರೆ ಏನಾಗುತ್ತದೆ, ಎಷ್ಟು ಹೊತ್ತು ಸಿಗುತ್ತದೆ ಎಂದು ಕೇಳುತ್ತಿದ್ದೆ; ಮೊದಲ ಪ್ರಶ್ನೆಗೆ “ಏನೂ ಮಾಡಂಗಿಲ್ರಿ” ಎಂಬ ಉತ್ತರ ಬಂದಲ್ಲಿ ಆ ಅಲಾರಂ ತೆಗೆದೆವು. ನಿಂತಿರುವ ಸ್ಟ್ಯಾಂಡ್‌ಬೈ ಪಂಪಿನ ಒತ್ತಡ ಕಡಿಮೆ ಎಂಬಂಥವು ಹೀಗೆಯೇ ಹೋದವು. ಆದರೆ ಬಾಯ್ಲರಿಗೆ ಬಗ್ಯಾಸ್ (ಉರುವಲಾಗುವ ಕಬ್ಬಿನ ಸಿಪ್ಪೆ) ಉಣಿಸುವ ಫೀಡರಿನ ಮೋಟಾರ್ ಕರೆಂಟಿಗೆ ಇಲ್ಲದ ಒಂದು ಲೋ ಅಲಾರಂ ಬೇಕೆಂದು ಅವರೇ ಕೇಳಿದರು. ಹಸಿ ಬಗ್ಯಾಸ್ ಚ್ಯೂಟಿನಲ್ಲಿ ಕಮಾನು ಕಟ್ಟಿ ನಿಂತಾಗ ಫೀಡರ್ ಬರಿದೇ ತಿರುಗುತ್ತದೆ, ಆಗ ಮೊದಲು ಬೀಳುವುದು ಕರೆಂಟ್, ಉಗಿಯ ಒತ್ತಡ ಬೀಳುವುದು ಆಮೇಲೆ. ಅಷ್ಟು ವರ್ಷ ಆ ಸಿಗ್ನಲ್ ನಮ್ಮ ಪರದೆಯಲ್ಲೇ ಇತ್ತು, ನನಗೆ ಹೊಳೆದಿರಲಿಲ್ಲ.

ಇನ್ನೂ ಬಗೆಹರಿಯದೆ ಉಳಿದಿರುವುದು ಹಂಗಾಮಿನ ಮೊದಲ ದಿನ. ತಣ್ಣನೆಯ ಬಾಯ್ಲರಿಗೆ ಬೆಂಕಿ ಹಾಕುವಾಗ ಎಲ್ಲ ಒತ್ತಡ, ತಾಪಮಾನಗಳೂ ಲೋ ಮಿತಿಯ ಕೆಳಗೇ ಇರುವುದರಿಂದ ಪರದೆ ಗಂಟೆಗಟ್ಟಲೆ ಕೆಂಪಾಗಿರುತ್ತದೆ. ಆಗ ಡ್ರಮ್ ಮಟ್ಟ (ಬಾಯ್ಲರಿನ ನೀರಿನ ಮಟ್ಟ), ಫರ್ನೇಸ್ ಡ್ರಾಫ್ಟ್‌ನಂಥ (ಒಲೆಯೊಳಗಿನ ಗಾಳಿಯ ಒತ್ತಡ) ಕೆಲವನ್ನಷ್ಟೇ ಉಳಿಸಿ ಮಿಕ್ಕವನ್ನು ತಾನಾಗಿ ತಡೆಹಿಡಿಯುವ ಲಾಜಿಕ್ ಬರೆಯಬೇಕಿದೆ. ಸದ್ಯಕ್ಕೆ ಕೈಯಿಂದ ಶೆಲ್ವ್ ಮಾಡಬೇಕಾದ (ತಾತ್ಕಾಲಿಕವಾಗಿ ಬದಿಗಿಡಬೇಕಾದ) ಟ್ಯಾಗುಗಳ ಪಟ್ಟಿ ಮಾನಿಟರಿನ ಪಕ್ಕಕ್ಕೆ ಅಂಟಿಸಿದ ಒಂದು ಹಾಳೆಯಲ್ಲಿದೆ.