ಬಿತ್ತನೆಯಿಂದ ಕಟಾವಿನವರೆಗೆ ಒಂದೇ ಹೊಲ

ಚಳ್ಳಕೆರೆ ಸೀಮೆಯ ಸಾಕ್ಷ್ಯಚಿತ್ರ ಎಂದರೆ ಬಿರುಕು ಬಿಟ್ಟ ಕೆರೆಯಂಗಳ, ಖಾಲಿ ಕೊಡ ಇರಲೇಬೇಕು ಎಂದುಕೊಂಡವರು ಬಹಳ. ಹವಾಮಾನ ಬದಲಾವಣೆಯ ಬಗ್ಗೆ ಅಲ್ಲಿ ಸಾಕ್ಷ್ಯಚಿತ್ರ ಮಾಡಿದ ನಾನು ಅವೆರಡನ್ನೂ ಚಿತ್ರೀಕರಿಸಲಿಲ್ಲ. ಬರ ಈ ನೆಲಕ್ಕೆ ಹೊಸದಲ್ಲ, ಅಜ್ಜ-ಮುತ್ತಜ್ಜಂದಿರೂ ಕಂಡದ್ದೇ. ಈಗ ತಪ್ಪಿರುವುದು ಮಳೆಯ ಲೆಕ್ಕಾಚಾರ. ಅದು ಕಣ್ಣಿಗೆ ಕಾಣಬೇಕಾದರೆ ಹೊಲದಲ್ಲೇ ಕಾಯಬೇಕು. ಹಾಗಾಗಿ ಒಂದು ಕುಟುಂಬ, ಅವರ ಶೇಂಗಾ ಹೊಲ, ಎರಡು ಮುಂಗಾರು ಹಿಡಿದುಕೊಂಡೆ.

2022ರಲ್ಲಿ ಮಳೆ ಸುರಿದು, ಹಿರಿಯೂರಿನ ವಾಣಿವಿಲಾಸ ಸಾಗರ 1933ರ ನಂತರ ಮೊದಲ ಬಾರಿ ಕೋಡಿ ಬಿತ್ತು. ಜನ ಜಾತ್ರೆಗೆ ಹೊರಟ ಹಾಗೆ ನೋಡಲು ಹೊರಟರು. ಆ ವರ್ಷ ಆ ಕುಟುಂಬದ ಹೊಲದಲ್ಲಿ ಕಿತ್ತು ಹಾಕಿದ ಬಳ್ಳಿ ನೆನೆದು ಕಾಯಿ ಕಪ್ಪಾಯಿತು. 2023ರಲ್ಲಿ ರಾಜ್ಯದ 236 ತಾಲ್ಲೂಕುಗಳಲ್ಲಿ 223 ಬರದ ಪಟ್ಟಿ ಸೇರಿದವು.

ಶೇಂಗಾದ ಹೂವು ಬಾಡಿದ ಮೇಲೆ ಅದರ ಬುಡದಿಂದ ಸೂಜಿಯಂಥ ಎಳೆಯೊಂದು ಕೆಳಗಿಳಿದು ಮಣ್ಣಿಗೆ ಹೊಕ್ಕಬೇಕು. ಹೊಕ್ಕರೆ ಕಾಯಿ, ಇಲ್ಲದಿದ್ದರೆ ಬರೀ ಬಳ್ಳಿ. ಎರಡನೇ ವರ್ಷ ಆ ಹಂತದಲ್ಲೇ ಮಳೆ ಕೈಕೊಟ್ಟಿತು. ಮ್ಯಾಕ್ರೋ ಲೆನ್ಸ್ ಹಾಕಿಕೊಂಡು ಸಾಲಿನ ನಡುವೆ ಬೋರಲು ಮಲಗಿ ತೆಗೆದೆ: ಎಳೆಯ ತುದಿ ಒಣಗಿ ಗಟ್ಟಿಯಾದ ಕೆಮ್ಮಣ್ಣನ್ನು ಮುಟ್ಟಿ, ಒಳಗೆ ಹೋಗಲಾರದೆ, ಪಕ್ಕಕ್ಕೆ ಬಾಗಿ ಒಣಗಿತ್ತು. ಹೊಲ ದೂರದಿಂದ ಇನ್ನೂ ಹಸಿರಾಗಿಯೇ ಇತ್ತು. ಡ್ರೋನ್‌ನಲ್ಲಿ ತೆಗೆದಿದ್ದರೆ ಒಳ್ಳೆ ಬೆಳೆ ಅನ್ನಿಸುತ್ತಿತ್ತು.

ಆಷಾಢದ ಗಾಳಿಗೆ ಕಾಲರ್ ಮೈಕ್ ನಂಬುವಂತಿಲ್ಲ. ಮಾತುಕತೆಯನ್ನೆಲ್ಲ ಪಡಸಾಲೆಯಲ್ಲಿ ಇಟ್ಟುಕೊಂಡೆ, ಅದೂ ಹೆಂಗಸರು ಬಿತ್ತನೆಗೆ ಕಾಯಿ ಸುಲಿಯುವ ಹೊತ್ತಿನಲ್ಲಿ. ಕೈಗೆ ಕೆಲಸವಿದ್ದಾಗ ಮಾತು ತಾನಾಗಿ ಬರುತ್ತದೆ. ‘ಹವಾಮಾನ ಬದಲಾವಣೆ’ ಅಂತ ಯಾರನ್ನೂ ಕೇಳಲಿಲ್ಲ. ‘ಯಾವ ಮಳೆಗೆ ಬಿತ್ತಿದ್ರಿ?’ ಎಂದಷ್ಟೇ ಕೇಳುತ್ತಿದ್ದೆ. ಮನೆಯ ಅಜ್ಜಿ ಭರಣಿಯಿಂದ ಸ್ವಾತಿಯವರೆಗೆ ಒಂದೊಂದೇ ಮಳೆ ಹೆಸರಿಸಿ, ಯಾವುದು ಬಂತು, ಯಾವುದು ಬರಲಿಲ್ಲ ಅಂತ ಒಪ್ಪಿಸಿಬಿಟ್ಟರು. ‘ಪುಷ್ಯ ಮಳೆ ಇರುವೆ ನೆನೆಯೋ ಅಷ್ಟೂ ಬರ್ಲಿಲ್ಲ ಕಣಪ್ಪ’ ಅಂದರು. ಆ ಮಾತನ್ನು ಒಂದು ಕಡೆಯೂ ಕತ್ತರಿಸದೆ ಇಟ್ಟಿದ್ದೇನೆ.

ಹಿನ್ನೆಲೆ ನಿರೂಪಣೆ ಬರೆಯುವಾಗ ಎಲ್ಲವನ್ನೂ ಭೂಮಿ ಬಿಸಿಯಾಗುತ್ತಿರುವುದರ ತಲೆಗೆ ಕಟ್ಟಲು ಮನಸ್ಸು ಒಪ್ಪಲಿಲ್ಲ. 2023 ಎಲ್ ನಿನೋ ವರ್ಷ, ಅಂದರೆ ಪೆಸಿಫಿಕ್ ಸಾಗರದ ನೀರು ಬಿಸಿಯಾಗಿ ನಮ್ಮ ಮುಂಗಾರು ಸಾಮಾನ್ಯವಾಗಿ ಸೊರಗುವ ವರ್ಷ. ಹೂಳು ತುಂಬಿದ ಕೆರೆ, ಪಾತಾಳಕ್ಕಿಳಿದ ಬೋರ್‌ವೆಲ್ ನಮ್ಮದೇ ಕೈಕೆಲಸ. ಬಿಸಿಯಾದ ಗಾಳಿ ಹೆಚ್ಚು ನೀರಾವಿ ಹಿಡಿದುಕೊಳ್ಳುತ್ತದೆ, ಅದರಿಂದ ಸುರಿದಾಗ ಒಮ್ಮೆಲೇ ಸುರಿಯುತ್ತದೆ, ಸುರಿಯದಿದ್ದಾಗ ನೆಲ ಬೇಗ ಒಣಗುತ್ತದೆ. ಇಷ್ಟನ್ನು ಹೇಳಿ, ಉಳಿದವನ್ನೂ ಅದರ ಪಕ್ಕದಲ್ಲೇ ಇಟ್ಟೆ.

ಎಡಿಟಿಂಗ್ ಮುಗಿಸುವ ಮೊದಲು ಲ್ಯಾಪ್‌ಟಾಪ್ ಒಯ್ದು ಮನೆಯವರಿಗೆಲ್ಲ ತೋರಿಸಿದೆ. ಈ ಕೆಲಸಕ್ಕೆ ಇಳಿಯುವವರು ಇದನ್ನು ಬಿಡಲೇಬಾರದು. ಸೊಸೆ ಕೈಸಾಲದ ಮಾತು ಬೇಡ, ಊರಲ್ಲಿ ತಲೆ ಎತ್ತಿ ಓಡಾಡಬೇಕು ಅಂದಳು, ಅದನ್ನು ತೆಗೆದುಹಾಕಿದೆ. ಬಿತ್ತನೆ ಬೀಜಕ್ಕೆ ಎಷ್ಟು ಕೊಟ್ಟೆವು ಅನ್ನೋದು ಎಲ್ಲೂ ಬಂದಿಲ್ಲವಲ್ಲ ಅಂತಲೂ ಕೇಳಿದಳು. ಮರುದಿನ ಕ್ಯಾಮೆರಾ ಹಿಡಿದು ಹೋಗಿ ಅವಳ ಬಾಯಲ್ಲೇ ಅದನ್ನು ಹೇಳಿಸಿ ಸೇರಿಸಿದೆ.